ಸಿಯೊ ಟೈಜಿ ಅಂಡ್ ಬಾಯ್ಸ್

ದಕ್ಷಿಣ ಕೊರಿಯಾದ ಪಾಪ್ ತಂಡ (1992–96). ಸಿಯೊ ಟೈಜಿ, ಯಾಂಗ್ ಹ್ಯುನ್-ಸುಕ್, ಲೀ ಜುನೊ ಇದರ ಸದಸ್ಯರು. ತಂಡ ಬಾಳಿದ್ದು ನಾಲ್ಕು ವರ್ಷವಾದರೂ ಸೈನಿಕ ಆಡಳಿತದ ನೆರಳಿನಿಂದ ಹೊರಬರುತ್ತಿದ್ದ ಸಮಾಜದ ಮನಸ್ಸು ಅದರ ಹಾಡುಗಳಲ್ಲಿ ದಾಖಲಾಗಿದೆ.

ಪ್ರಜಾಪ್ರಭುತ್ವಕ್ಕಾಗಿ ನಡೆದ 1987ರ ಜೂನ್ ಚಳವಳಿಯ ಫಲವಾಗಿ ಅಧ್ಯಕ್ಷರನ್ನು ಜನರೇ ನೇರವಾಗಿ ಆರಿಸುವ ಹಕ್ಕು ಮರಳಿತು. ಮರುವರ್ಷ ಸೋಲ್ ಒಲಿಂಪಿಕ್ಸ್ ನಡೆಯಿತು. 1989ರಲ್ಲಿ ವಿದೇಶ ಪ್ರವಾಸದ ಮೇಲಿನ ನಿರ್ಬಂಧ ತೆರವಾಯಿತು. ಯುದ್ಧವನ್ನೂ ಬಡತನವನ್ನೂ ಹಿರಿಯರ ಬಾಯಲ್ಲಷ್ಟೇ ಕೇಳಿದ್ದ ನಗರದ ಹುಡುಗ ಹುಡುಗಿಯರ ಕೈಯಲ್ಲಿ ಕಾಸು ಓಡಾಡತೊಡಗಿತು. ಟಿವಿಯಲ್ಲಿ ಮಾತ್ರ ಮಂದಗತಿಯ ಬ್ಯಾಲಡ್‌ಗಳದ್ದೂ ಟ್ರಾಟ್ ಎಂಬ ಹಳೆಯ ಶೈಲಿಯದ್ದೂ ಕಾರುಬಾರು.

ಪ್ರೌಢಶಾಲೆಯನ್ನು ಅರ್ಧಕ್ಕೇ ಬಿಟ್ಟ ಸಿಯೊ ಟೈಜಿ, ಸಿನಾವೆ ಎಂಬ ಹೆವಿ ಮೆಟಲ್ ತಂಡದಲ್ಲಿ ಬೇಸ್ ಗಿಟಾರ್ ನುಡಿಸುತ್ತಿದ್ದ. 1992ರ ಏಪ್ರಿಲ್‌ನಲ್ಲಿ ಎಂಬಿಸಿ ವಾಹಿನಿಯ ಕಾರ್ಯಕ್ರಮವೊಂದರಲ್ಲಿ ಅವನ ಹೊಸ ತಂಡ ಕೊರಿಯನ್ ಭಾಷೆಯಲ್ಲೇ ರ‍್ಯಾಪ್ ಹಾಡಿ ಕುಣಿಯಿತು. ತೀರ್ಪುಗಾರರು ಕೊಟ್ಟದ್ದು ಹತ್ತಕ್ಕೆ 7.8, ಬಹಳ ಕಡಿಮೆ ಅಂಕ. ಹದಿಹರೆಯದವರ ಲೆಕ್ಕವೇ ಬೇರೆಯಾಗಿತ್ತು: ಕೆಲವೇ ವಾರಗಳಲ್ಲಿ ಆ ಹಾಡು ಊರೆಲ್ಲ ಹಬ್ಬಿತು. ಬೆಲೆಚೀಟಿಯನ್ನು ಕೀಳದೆ ಹಾಗೇ ನೇತಾಡಬಿಟ್ಟ ಅವರ ಉಡುಪೂ ಫ್ಯಾಷನ್ ಆಯಿತು.

ಮೂರನೆಯ ಆಲ್ಬಮ್‌ನಲ್ಲಿ (1994) ತಂಡ ಹಿರಿಯರ ಮರ್ಮಕ್ಕೇ ಕೈಹಾಕಿತು. ‘ಕ್ಲಾಸ್‌ರೂಂ ಐಡಿಯಾ’ ಹಾಡು, ಮಕ್ಕಳನ್ನು ಒಂದೇ ಅಚ್ಚಿನಲ್ಲಿ ಎರಕ ಹೊಯ್ಯುವ ಪರೀಕ್ಷಾ ಶಿಕ್ಷಣವನ್ನು ಝಾಡಿಸಿತು. ಅದನ್ನು ಹಿಂದುಮುಂದಾಗಿ ನುಡಿಸಿದರೆ ಸೈತಾನನ ಸಂದೇಶ ಕೇಳಿಸುತ್ತದೆ ಎಂಬ ಪುಕಾರು ಎದ್ದಿತು. ಹಾಡು ಎತ್ತಿದ ಪ್ರಶ್ನೆಗಿಂತ ಈ ಪುಕಾರಿಗೇ ಹೆಚ್ಚು ಪ್ರಚಾರ ಸಿಕ್ಕಿತೆನ್ನಬೇಕು. ಮರುವರ್ಷದ ‘ಕಮ್ ಬ್ಯಾಕ್ ಹೋಮ್’ ಮನೆಬಿಟ್ಟು ಓಡಿದ ಮಕ್ಕಳ ಅಳಲನ್ನು ಹಾಡಿತು.

‘ಕಮ್ ಬ್ಯಾಕ್ ಹೋಮ್’ ಇದ್ದ ಆಲ್ಬಮ್‌ನದೇ ‘ಸಿದೆ ಯುಗಮ್’ ಹಾಡಿನ ಸಾಹಿತ್ಯವನ್ನು ತಿದ್ದಬೇಕೆಂದು ಸೆನ್ಸಾರ್ ಸಮಿತಿ ಪಟ್ಟುಹಿಡಿಯಿತು. ಸಿಯೊ ತಿದ್ದಲಿಲ್ಲ, ಮಾತನ್ನೆಲ್ಲ ತೆಗೆದು ಬರೀ ವಾದ್ಯಸಂಗೀತವನ್ನು ಬಿಡುಗಡೆ ಮಾಡಿದ. ಅಭಿಮಾನಿಗಳು ಪ್ರತಿಭಟಿಸಿದರು. ಧ್ವನಿಮುದ್ರಿಕೆಗಳ ಪೂರ್ವ ಸೆನ್ಸಾರ್ 1996ರ ಜೂನ್‌ನಲ್ಲಿ ರದ್ದಾಯಿತು. ಇದರ ಶ್ರೇಯಸ್ಸನ್ನೆಲ್ಲ ಈ ತಂಡಕ್ಕೆ ಕಟ್ಟುವುದು ಸಲ್ಲ. ಜಾಂಗ್ ತೆ-ಚುನ್ ಎಂಬ ಗಾಯಕ 1990ರಿಂದಲೇ ಸೆನ್ಸಾರ್ ಧಿಕ್ಕರಿಸಿ ಹೋರಾಡುತ್ತಿದ್ದ.

ತಂಡ ಆ ವೇಳೆಗೆ ವಿಸರ್ಜನೆಯಾಗಿತ್ತು. ಜನಪ್ರಿಯತೆ ತುತ್ತತುದಿಯಲ್ಲಿದ್ದಾಗಲೇ, 1996ರ ಜನವರಿಯಲ್ಲಿ, ಮೂವರೂ ನಿವೃತ್ತಿ ಘೋಷಿಸಿದ್ದರು. ಅದೇ ವರ್ಷ ಎಸ್‌ಎಂ ಎಂಬ ಸಂಗೀತ ಸಂಸ್ಥೆ ಹದಿಹರೆಯದವರನ್ನು ಆರಿಸಿ, ತರಬೇತಿ ಕೊಟ್ಟು ಎಚ್‌ಒಟಿ ತಂಡವನ್ನು ಕಣಕ್ಕಿಳಿಸಿತು. ಯಾಂಗ್ ಸ್ಥಾಪಿಸಿದ ಕಂಪನಿ ಮುಂದೆ ವೈಜಿ ಎಂಟರ್‌ಟೇನ್‌ಮೆಂಟ್ ಆಯಿತು. ತನ್ನ ಹಾಡನ್ನು ತಾನೇ ಬರೆದು, ರಾಗ ಕಟ್ಟಿ, ಪಟ್ಟುಬಿಡದೆ ನಿಂತ ಸಿಯೊನ ಮಾದರಿಗಿಂತ ಕಂಪನಿಗಳ ಈ ಪದ್ಧತಿಯೇ ಕೆ-ಪಾಪ್‌ನಲ್ಲಿ ಬೇರೂರಿತು. 2017ರಲ್ಲಿ ಬಿಟಿಎಸ್ ತಂಡ ‘ಕಮ್ ಬ್ಯಾಕ್ ಹೋಮ್’ ಹಾಡನ್ನು ಹೊಸದಾಗಿ ಹಾಡಿ ಬಿಡುಗಡೆ ಮಾಡಿತು.