ಚೋಮನ ಹೆಸರಿಗೆ ಅಯ್ಯ ಯಾಕಿಲ್ಲ?

‘ಚೋಮನ ದುಡಿ’ ಬಂದದ್ದು 1933ರಲ್ಲಿ. ಅಂದಿನಿಂದ ನಮ್ಮ ವಿಮರ್ಶೆ ಅದನ್ನು ಹಲವು ಬಗೆಯಲ್ಲಿ ಓದಿದೆ. ದುಡಿಯನ್ನು ಸಂಕೇತ ಎಂದಿದೆ, ಚೋಮನ ಬೇಸಾಯದ ಆಸೆಯನ್ನು ದುರಂತ ಎಂದಿದೆ, ಕಾರಂತರ ಅನುಕಂಪ ಎಷ್ಟು ಆಳದ್ದು ಅಂತ ಜಗಳವನ್ನೂ ಆಡಿದೆ. ಆದರೆ ಆ ಕಾದಂಬರಿಯ ಹೆಸರುಗಳ ಮುಂದೆ ಇನ್ನೂ ಸ್ವಲ್ಪ ಹೊತ್ತು ನಿಲ್ಲಬೇಕು ಅಂತ ನನಗನ್ನಿಸುತ್ತದೆ. ಧಣಿಯ ಹೆಸರು ಸಂಕಪ್ಪಯ್ಯ. ಅದರೊಳಗೆ ಅಪ್ಪನೂ ಇದ್ದಾನೆ, ಅಯ್ಯನೂ ಇದ್ದಾನೆ. ಆಳಿನ ಹೆಸರು ಚೋಮ. ಎರಡೇ ಅಕ್ಷರ. ಅವನ ಮಕ್ಕಳು ಚನಿಯ, ಗುರುವ, ಕಾಳ, ನೀಲ, ಬೆಳ್ಳಿ. ಜಮೀನು ಯಾರದು, ಮೈಬೆವರು ಯಾರದು ಅನ್ನುವುದು ಹೆಸರಿನ ಉದ್ದದಲ್ಲೇ ಗೊತ್ತಾಗಿಬಿಡುತ್ತದೆ.

ತುಳುನಾಡಿನವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ, ಘಟ್ಟದ ಮೇಲಿನವರಿಗೆ ಹೇಳಬೇಕು. ಚೋಮ ಅಂದರೆ ಸೋಮವಾರ ಹುಟ್ಟಿದವನು. ಆಯಿತಾರ ಹುಟ್ಟಿದವನು ಐತ, ಮಂಗಳವಾರದವನು ಅಂಗಾರ, ಬುಧವಾರದವನು ಬುದಾರ, ಗುರುವಾರದವನು ಗುರುವ, ಶುಕ್ರವಾರದವನು ತುಕ್ರ, ಶನಿವಾರದವನು ತನಿಯ ಅಥವಾ ಚನಿಯ. ಹೆಣ್ಣಾದರೆ ಐತೆ, ಚೋಮು, ತುಕ್ರು. ಈ ಹೆಸರುಗಳು ಹೆಚ್ಚಾಗಿ ಕಾಣುವುದು ದಲಿತರಲ್ಲಿ, ಕೊರಗರಲ್ಲಿ, ಮಣ್ಣಿನ ಕೆಲಸದ ಇತರ ಜಾತಿಗಳಲ್ಲಿ. ನಕ್ಷತ್ರ ನೋಡಿ ಹೆಸರಿಡುವ ಪುರೋಹಿತ ಆ ಗುಡಿಸಲಿಗೆ ಕಾಲಿಡುವವನಲ್ಲ. ವಾರ ಯಾವುದು ಅಂತ ಹೇಳುವುದಕ್ಕೆ ಮಾತ್ರ ಪಂಚಾಂಗ ಬೇಕಿಲ್ಲ. ಧಣಿಗಳೇ ಈ ಹೆಸರು ಕಟ್ಟಿದರು, ಬೇರೆ ಹೆಸರಿಡಲು ಬಿಡಲಿಲ್ಲ ಅನ್ನುವವರೂ ಇದ್ದಾರೆ. 1801ರಲ್ಲಿ ಫ್ರಾನ್ಸಿಸ್ ಬುಕಾನನ್ ಈ ಸೀಮೆಯಲ್ಲಿ ತಿರುಗಾಡಿದಾಗ ಹೊಲಗೆಲಸದ ಆಳುಗಳನ್ನು ಕೊಳ್ಳುವುದು, ಮಾರುವುದು, ಬಾಡಿಗೆಗೆ ಕೊಡುವುದು ಕಣ್ಣೆದುರೇ ನಡೆಯುತ್ತಿತ್ತು. ಆಳೇ ಸ್ವತ್ತಾದ ಮೇಲೆ ಅವನ ಕೂಸಿನ ಹೆಸರಿನ ಮೇಲೆ ಯಾರ ಮಾತು ನಡೆಯುತ್ತಿತ್ತು ಅಂತ ಊಹಿಸುವುದು ಕಷ್ಟವಲ್ಲ.

ಹಾಗಾದರೆ ವಾರದ ಹೆಸರೇ ಕೀಳೇ? ಪಶ್ಚಿಮ ಆಫ್ರಿಕದ ಘಾನಾದಲ್ಲಿ ಅಕಾನ್ ಜನರಿದ್ದಾರೆ. ಅವರಲ್ಲೂ ಹುಟ್ಟಿದ ವಾರವೇ ಹೆಸರು. ಸೋಮವಾರ ಕೋಜೊ, ಶುಕ್ರವಾರ ಕೋಫಿ, ಶನಿವಾರ ಕ್ವಾಮೆ, ಭಾನುವಾರ ಕ್ವಾಸಿ. ಆದರೆ ಅಲ್ಲಿ ಅದು ಅರಸನಿಗೂ ಉಂಟು, ಬೇಸಾಯಗಾರನಿಗೂ ಉಂಟು. ಫ್ರಾನ್ಸಿಸ್ ಎಂಬ ಕ್ರೈಸ್ತ ಹೆಸರನ್ನು ಬಿಟ್ಟು ಕ್ವಾಮೆ ಎಂದು ಕರೆದುಕೊಂಡ ಎನ್‌ಕ್ರುಮಾ 1957ರಲ್ಲಿ ಆ ದೇಶವನ್ನು ಸ್ವತಂತ್ರ ಮಾಡಿದ. 1997ರಿಂದ 2006ರವರೆಗೆ ವಿಶ್ವಸಂಸ್ಥೆಯ ಮಹಾಕಾರ್ಯದರ್ಶಿಯಾಗಿದ್ದ ಕೋಫಿ ಅನಾನ್, ತುಳುವಿನಲ್ಲಿ ಹೇಳುವುದಾದರೆ, ತುಕ್ರ.

ಇದೇ ಜನರನ್ನು ಹಡಗಿನಲ್ಲಿ ತುಂಬಿ ಜಮೈಕಾದ ಕಬ್ಬಿನ ತೋಟಗಳಿಗೆ ಸಾಗಿಸಿದಾಗ ಹೆಸರುಗಳೂ ಜೊತೆಗೆ ಹೋದವು. ತೋಟದ ಲೆಕ್ಕದ ಪುಸ್ತಕಗಳಲ್ಲಿ ಕಜೋ, ಕಫಿ, ಕ್ವಾಶಿ ಅಂತ ದನಕರುಗಳ ಪಟ್ಟಿಯ ಪಕ್ಕದಲ್ಲೇ ಸಿಗುತ್ತವೆ. ಅಲ್ಲಿ ಕ್ವಾಶಿ ಅನ್ನುವುದು ಬರಬರುತ್ತಾ ಭಾನುವಾರ ಹುಟ್ಟಿದವನು ಅನ್ನುವ ಅರ್ಥ ಕಳೆದುಕೊಂಡು ದಡ್ಡ, ಮೈಗಳ್ಳ ಕರಿಯ ಅನ್ನುವ ಬೈಗುಳವಾಯಿತು. ಅದೇ ವಾರ, ಅದೇ ಶಬ್ದ. ನಡುವೆ ಬಂದದ್ದು ಚಾಟಿ.

ಸೋಮವಾರದ ಕತೆ ಇನ್ನೂ ಬೇರೆ. ಜಮೈಕಾದ ಬೆಟ್ಟಗಳಲ್ಲಿ ತೋಟ ಬಿಟ್ಟು ಓಡಿಹೋದವರು, ಅವರ ಮಕ್ಕಳು ಕಟ್ಟಿಕೊಂಡ ದಂಡಿನ ನಾಯಕನ ಹೆಸರು ಕಜೋ. ಅಂದರೆ ಕೋಜೊ, ಅಂದರೆ ಚೋಮ. ವರ್ಷಗಟ್ಟಲೆ ಬಡಿದಾಡಿ ಸೋತ ಬ್ರಿಟಿಷರು 1739ರಲ್ಲಿ ಅವನೊಡನೆ ಒಪ್ಪಂದ ಮಾಡಿಕೊಂಡು 1500 ಎಕರೆ ಬರೆದುಕೊಟ್ಟರು. (ಇನ್ನು ಮುಂದೆ ಓಡಿಬರುವ ಗುಲಾಮರನ್ನು ಹಿಡಿದು ಒಪ್ಪಿಸಬೇಕು ಅನ್ನುವ ಹೊಲಸು ಕರಾರೂ ಅದರಲ್ಲಿತ್ತು, ಅದನ್ನು ಮುಚ್ಚಿಡಬಾರದು.) ನಮ್ಮ ಚೋಮ ಕೇಳಿದ್ದು ಒಂದು ತುಂಡು ಗದ್ದೆ.

ಹೆಸರಿನ ಕೀಳುತನ ಅರ್ಥದಲ್ಲಿಲ್ಲ ಅನ್ನುವುದಕ್ಕೆ ಇಷ್ಟು ದೂರ ಹೋಗಲೇಬೇಕು ಅಂತೇನಿಲ್ಲ. ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ ಕೂಸನ್ನು ತಿಪ್ಪೆಯ ಮೇಲೆ ಮಲಗಿಸಿ ಎತ್ತಿಕೊಂಡು ತಿಪ್ಪ ಅಂತ ಹೆಸರಿಡುವುದು ನಮ್ಮಲ್ಲಿ ಹಲವು ಜಾತಿಗಳಲ್ಲಿತ್ತು. ಸಾವಿನ ಕಣ್ಣಿಗೆ ಬೇಡದ ಕೂಸಿನ ಹಾಗೆ ಕಾಣಲಿ ಅಂತ. ಆದರೆ ಮೇಲಿನವರ ಮನೆಯಲ್ಲಿ ತಿಪ್ಪ ಬೆಳೆದು ತಿಪ್ಪಯ್ಯನಾಗುತ್ತಾನೆ, ಗುಂಡ ಗುಂಡಪ್ಪನಾಗುತ್ತಾನೆ. ಕೇರಿಯ ತಿಪ್ಪ ಎಂಬತ್ತು ವರ್ಷವಾದರೂ ತಿಪ್ಪನೇ. ಗೌಡರ ಮೊಮ್ಮಗ, ಇನ್ನೂ ಚಡ್ಡಿ ಜಾರುವ ಹುಡುಗ, “ಏನ್ಲಾ ತಿಪ್ಪ, ಬಾರ್ಲಾ ಇಲ್ಲಿ” ಅಂದರೆ ಮುದುಕ ಎದ್ದು ಬರಬೇಕು. ಹೆಸರು ಮೊಟಕು, ಕ್ರಿಯಾಪದ ಏಕವಚನ. ಇವೆರಡೂ ಯಾವಾಗಲೂ ಜೊತೆಗೇ ಬರುತ್ತವೆ.

ಈ ಬಾಲದ ರಾಜಕೀಯ ಮನುವಿಗೆ ಚೆನ್ನಾಗಿ ತಿಳಿದಿತ್ತು. ಮನುಸ್ಮೃತಿಯ ಎರಡನೆಯ ಅಧ್ಯಾಯದಲ್ಲಿ ನಾಮಕರಣದ ವಿಧಿ ಬರುತ್ತದೆ. ಬ್ರಾಹ್ಮಣನ ಹೆಸರು ಮಂಗಳಕರವಾಗಿರಬೇಕು, ಕ್ಷತ್ರಿಯನದು ಬಲವನ್ನು, ವೈಶ್ಯನದು ಹಣವನ್ನು ಸೂಚಿಸಬೇಕು, ಶೂದ್ರನದು ಜುಗುಪ್ಸೆ ಹುಟ್ಟಿಸಬೇಕು. ಎಲ್ಲರೂ ಎತ್ತಿ ಹೇಳುವುದು ಇದನ್ನೇ. ಮುಂದಿನ ಶ್ಲೋಕ ಇನ್ನೂ ಸೂಕ್ಷ್ಮ: ಅದು ಹೆಸರಿನ ಕೊನೆಗೆ ಏನು ಸೇರಬೇಕು ಅನ್ನುವುದನ್ನು ಕಟ್ಟುಮಾಡುತ್ತದೆ. ಒಬ್ಬನಿಗೆ ಸುಖ, ಒಬ್ಬನಿಗೆ ರಕ್ಷಣೆ, ಒಬ್ಬನಿಗೆ ಪುಷ್ಟಿ, ಕೊನೆಯವನಿಗೆ ಸೇವೆ. ನಾಲ್ಕು ವರ್ಣದ ಹೊರಗಿದ್ದವರ ಹೆಸರಿನ ಮಾತೇ ಅಲ್ಲಿಲ್ಲ. ಜುಗುಪ್ಸೆಯ ವಿಧಿಯೂ ಅವರ ಪಾಲಿಗೆ ಬರಲಿಲ್ಲ.

1719ರ ‘ರಾಬಿನ್ಸನ್ ಕ್ರೂಸೊ’ ಕಾದಂಬರಿಯಲ್ಲೂ ಇದೇ ನಡೆಯುತ್ತದೆ. ಕ್ರೂಸೊ ತಾನು ಉಳಿಸಿದ ಮನುಷ್ಯನಿಗೆ ಉಳಿಸಿದ ವಾರದ ಹೆಸರನ್ನೇ ಇಡುತ್ತಾನೆ, ಶುಕ್ರವಾರ ಅಂತ. ನಿನ್ನ ಹೆಸರೇನಪ್ಪ ಅಂತ ಕೇಳುವುದಿಲ್ಲ. ತನ್ನ ಹೆಸರನ್ನೂ ಹೇಳುವುದಿಲ್ಲ, ‘ಒಡೆಯ’ ಅನ್ನುವ ಪದ ಕಲಿಸಿ ಅದೇ ತನ್ನ ಹೆಸರು ಅನ್ನುತ್ತಾನೆ. ಆ ದ್ವೀಪದಲ್ಲಿ ಇಬ್ಬರೇ ಇಬ್ಬರು. ಆದರೂ ಒಬ್ಬ ತುಕ್ರ, ಇನ್ನೊಬ್ಬ ಧಣಿ.

ನಮ್ಮಲ್ಲಿ ಈ ಬಾಲವನ್ನು ಕಿತ್ತುಕೊಂಡ ಒಂದು ಗಳಿಗೆ ಇದೆ, ಅದು 12ನೆಯ ಶತಮಾನದ್ದು. ಮಾದಾರ ಚೆನ್ನಯ್ಯ, ಡೋಹರ ಕಕ್ಕಯ್ಯ, ಸಮಗಾರ ಹರಳಯ್ಯ. ಚೆನ್ನನಿಗೂ ಕಕ್ಕನಿಗೂ ಅಯ್ಯ ಬಂತು. ಸಣ್ಣ ಕ್ರಾಂತಿಯಲ್ಲ ಅದು. ಆದರೆ ಹೆಸರಿನ ಇನ್ನೊಂದು ತುದಿಯನ್ನು ನೋಡಿ: ಹಿಂದೆ ಅಯ್ಯ ಬಂದರೂ ಮುಂದಿನ ಜಾತಿ ಹೋಗಲಿಲ್ಲ. ಅದು ಕಾಯಕದ ಹೆಮ್ಮೆ ಅನ್ನುವವರ ಮಾತಲ್ಲಿ ನಿಜ ಇಲ್ಲದಿಲ್ಲ. ಆದರೆ ಬ್ರಾಹ್ಮಣ ಬಸವಣ್ಣ ಅಂತ ನಾವ್ಯಾರೂ ಕರೆಯುವುದಿಲ್ಲವಲ್ಲ. ಇನ್ನು ದಲಿತ ವಚನಕಾರ್ತಿ ಕಾಳವ್ವೆಯನ್ನು ನಮ್ಮ ಸಂಪುಟಗಳು ಗುರುತಿಸುವುದೇ ಉರಿಲಿಂಗಪೆದ್ದಿಗಳ ಪುಣ್ಯಸ್ತ್ರೀ ಎಂದು. ಅವಳಿಗೆ ಗಂಡನ ಹೆಸರು ದಾಟಿ ಬರಬೇಕು.

ಈಗ ಶಾಲೆಯ ಹಾಜರಿ ಪುಸ್ತಕದಲ್ಲಿ ಚೋಮನ ಮೊಮ್ಮಗ ಸೋಮಶೇಖರ. ಹೆಸರು ಬದಲಾಯಿಸಿಕೊಂಡವರನ್ನು ಸಂಸ್ಕೃತಕ್ಕೆ ಸೋತರು ಅಂತ ಹೀಗಳೆಯುವ ದನಿಯೊಂದು ನಮ್ಮ ವಿಮರ್ಶೆಯಲ್ಲಿದೆ. ಹಳೆಯ ಹೆಸರಲ್ಲಿ ದೇಸಿ ಸೊಗಡಿದೆಯಂತೆ. ಸೊಗಡು ಕಾಣುವುದು ಕರೆಯುವವರ ಕಿವಿಗೆ. ಕರೆಸಿಕೊಂಡವನಿಗೆ ನೆನಪಾಗುವುದು ಅಂಗಳದ ಆಚೆ ನಿಂತ ಅಪ್ಪ. ಹಾಗಂತ ಸೋಮಶೇಖರನಾದ ಕೂಡಲೇ ಕೆಲಸ ಮುಗಿಯಿತು ಅಂತಲೂ ಅಲ್ಲ. ಪೇಟೆಯಲ್ಲಿ ಮನೆ ಬಾಡಿಗೆಗೆ ಹೋದರೆ ಹೆಸರು ಕೇಳಿ ತೃಪ್ತಿಯಾಗದ ಮಾಲೀಕರು ಅಪ್ಪನ ಹೆಸರು ಕೇಳುತ್ತಾರೆ. ಅಲ್ಲಿ ಮತ್ತೆ ಚೋಮ ಸಿಕ್ಕಿಬೀಳುತ್ತಾನೆ.

ಇನ್ನೊಬ್ಬ ವಾರದ ಹೆಸರಿನವನ ಮಾತು ಹೇಳಬೇಕು. ಕರಾವಳಿಯಲ್ಲಿ ಎಲ್ಲ ಜಾತಿಯವರೂ ಕೈಮುಗಿಯುವ ಕೊರಗಜ್ಜನ ನಿಜ ಹೆಸರು ತನಿಯ. ಪಾಡ್ದನಗಳು ಹೇಳುವಂತೆ ತಬ್ಬಲಿಯಾಗಿದ್ದ ಅವನನ್ನು ಶೇಂದಿ ಮಾರುವ ಬೈದೆತಿ ಸಾಕುತ್ತಾಳೆ. ಏಳಾಳಿನ ಹೊರೆಯನ್ನು ಒಬ್ಬನೇ ಹೊತ್ತು ದೈವದ ಗುಡಿಗೆ ಮುಟ್ಟಿಸಿದರೂ ಅವನು ಹೊರಗೇ ನಿಲ್ಲಬೇಕಾಗುತ್ತದೆ, ಅಲ್ಲೇ ಮಾಯವಾಗುತ್ತಾನೆ. ಮಾಯವಾದ ಮೇಲೆ ಅಜ್ಜನಾದ. ಬದುಕಿದ್ದ ಕೊರಗರಿಗೆ ಮಾತ್ರ ಉಗುರು, ಕೂದಲು ಕಲಸಿದ ಅನ್ನ ತಿನ್ನಿಸುವ ಅಜಲು ಪದ್ಧತಿ ಉಳಿದೇ ಇತ್ತು. ಅದನ್ನು ನಿಷೇಧಿಸುವ ಕಾನೂನು ಬರುವಾಗ 2000ನೆಯ ಇಸವಿಯಾಗಿತ್ತು.