ಜೀನ್ ಬದಲಾವಣೆ ಒಂದೇ, ವಿಳಾಸ ಎರಡು: ಜೆನೆಟಿಕ್ ವರದಿಗಳು ಹೊಂದಿಕೆಯಾಗಬೇಕು ಏಕೆ?

ಒಂದು ಲ್ಯಾಬ್‌ನಲ್ಲಿ ಮಾಡಿಸಿದ ಜೆನೆಟಿಕ್ ಪರೀಕ್ಷೆಯ ವರದಿಯನ್ನು ಇನ್ನೊಂದು ಊರಿನ ತಜ್ಞರಿಗೆ ತೋರಿಸಬೇಕಾಗಿ ಬರಬಹುದು. ಆಗ ಅದರಲ್ಲಿರುವ ಸಂಖ್ಯೆಗಳನ್ನು ಯಾವ ಲೆಕ್ಕದಲ್ಲಿ ಕೊಟ್ಟಿದ್ದಾರೆ ಎಂಬುದು ಅವರಿಗೆ ತಿಳಿಯಲೇಬೇಕು.

ಎರಡು ವಿಳಾಸ ಹೇಗೆ?

ಲ್ಯಾಬ್ ನಿಮ್ಮ ಡಿಎನ್‌ಎಯನ್ನು ಒಂದು ಮಾದರಿ ಜೀನೋಮ್ ಜೊತೆ ಹೋಲಿಸಿ ವ್ಯತ್ಯಾಸಗಳನ್ನು ಗುರುತಿಸುತ್ತದೆ. ಈ ಮಾದರಿಯ 2009ರ ಆವೃತ್ತಿ ಜಿಆರ್‌ಸಿಎಚ್37, 2013ರ ಆವೃತ್ತಿ ಜಿಆರ್‌ಸಿಎಚ್38. ಎರಡೂ ಇಂದಿಗೂ ಬಳಕೆಯಲ್ಲಿವೆ.

ಸಿಕಲ್ ಸೆಲ್ ಕಾಯಿಲೆಯನ್ನೇ ತೆಗೆದುಕೊಳ್ಳಿ. ಇದಕ್ಕೆ ಮೂಲ, ಎಚ್‌ಬಿಬಿ ಜೀನ್‌ನಲ್ಲಿ ಒಂದೇ ಅಕ್ಷರದ ಬದಲಾವಣೆ. 11ನೇ ಕ್ರೋಮೋಸೋಮ್‌ನಲ್ಲಿ ಅದರ ಸ್ಥಾನ ಹಳೆಯ ಆವೃತ್ತಿಯಲ್ಲಿ 52,48,232, ಹೊಸದರಲ್ಲಿ 52,27,002. ಪ್ರೋಟೀನ್‌ನಲ್ಲಿ ಇದೇ ಬದಲಾವಣೆಯನ್ನು ಹಳೆಯ ಪದ್ಧತಿ 6ನೇ ಸ್ಥಾನ ಎಂದರೆ, ಈಗಿನ ಪದ್ಧತಿ 7ನೇ ಸ್ಥಾನ ಎನ್ನುತ್ತದೆ.

ಹೊಂದದಿದ್ದರೆ ಏನಾಗುತ್ತದೆ?

ಆವೃತ್ತಿ ನೋಡದೆ ಎರಡು ಲ್ಯಾಬ್‌ಗಳ ಮಾಹಿತಿ ಸೇರಿಸಿದರೆ ಒಂದೇ ಬದಲಾವಣೆ ಎರಡಾಗಿ ಕಾಣಬಹುದು. ಇರುವ ಬದಲಾವಣೆಯೇ ‘ಇಲ್ಲ’ ಎಂದು ಬರಬಹುದು. ಅಪರೂಪದ ಕಾಯಿಲೆಗಳಲ್ಲಿ ಇದು ದೊಡ್ಡ ನಷ್ಟ. ಅದೇ ಬದಲಾವಣೆ, ಅದೇ ಲಕ್ಷಣಗಳಿರುವ ಇನ್ನೊಬ್ಬ ರೋಗಿ ಸಿಕ್ಕರೆ ವೈದ್ಯರ ನಿರ್ಣಯಕ್ಕೆ ಬಲ ಬರುತ್ತದೆ. ಲೆಕ್ಕ ಹೊಂದದಿದ್ದರೆ ಆ ರೋಗಿ ಕಣ್ಣಿಗೆ ಬೀಳದೇ ಹೋಗಬಹುದು.

ಪರಿಹಾರವೇನು?

2013ರಲ್ಲಿ ಆರಂಭವಾದ ಅಂತರರಾಷ್ಟ್ರೀಯ ಒಕ್ಕೂಟ ಜಿಎ4ಜಿಎಚ್ ಇದಕ್ಕೆ ಸಾಮಾನ್ಯ ನಿಯಮಗಳನ್ನು ರೂಪಿಸುತ್ತಿದೆ. ಬದಲಾವಣೆಗಳ ಪಟ್ಟಿಯನ್ನು ಬರೆದಿಡುವ ವಿಸಿಎಫ್ ಎಂಬ ಕಡತ ಮಾದರಿಯನ್ನು ಅದು ನೋಡಿಕೊಳ್ಳುತ್ತದೆ. ಅದರ ‘ಬೀಕನ್’ ವ್ಯವಸ್ಥೆಯಲ್ಲಿ, ರೋಗಿಯ ಪೂರ್ತಿ ಮಾಹಿತಿ ಕೇಳದೆ ‘ಈ ಬದಲಾವಣೆ ನಿಮ್ಮಲ್ಲಿದೆಯೇ?’ ಎಂದಷ್ಟೇ ಕೇಳಬಹುದು.

ನಮ್ಮಲ್ಲೂ ಜೀನೋಮ್‌ಇಂಡಿಯಾ ಯೋಜನೆ ಸುಮಾರು 10 ಸಾವಿರ ಭಾರತೀಯರ ಜೀನೋಮ್ ಓದಿದೆ. ಆ ಮಾಹಿತಿ ಫರೀದಾಬಾದ್‌ನ ಭಾರತೀಯ ಜೈವಿಕ ದತ್ತಾಂಶ ಕೇಂದ್ರದಲ್ಲಿದೆ. ನಿಮ್ಮಲ್ಲಿ ಕಂಡ ಬದಲಾವಣೆ ಭಾರತೀಯರಲ್ಲಿ ಸಾಮಾನ್ಯವೇ, ಅಪರೂಪವೇ ಎಂದು ಇಂಥ ಸಂಗ್ರಹದ ಜೊತೆ ಹೋಲಿಸಲೂ ಲೆಕ್ಕ ಒಂದೇ ಆಗಿರಬೇಕು.

ನೀವು ಮಾಡಬೇಕಾದ್ದು

• ವರದಿಯಲ್ಲಿ ಜೀನ್‌ನ ಹೆಸರು, ಮಾದರಿ ಜೀನೋಮ್‌ನ ಆವೃತ್ತಿ, ಟ್ರಾನ್ಸ್‌ಕ್ರಿಪ್ಟ್ ಸಂಖ್ಯೆ ಇವೆಯೇ ನೋಡಿ. ಇಲ್ಲದಿದ್ದರೆ ಲ್ಯಾಬ್‌ನವರನ್ನು ಕೇಳಿ.

• ಜೀನೋಮ್ ಅಥವಾ ಎಕ್ಸೋಮ್ ಪರೀಕ್ಷೆ ಮಾಡಿಸಿದ್ದರೆ ಪಿಡಿಎಫ್ ಜೊತೆಗೆ ವಿಸಿಎಫ್ ಕಡತವನ್ನೂ ಕೇಳಿ, ಜೋಪಾನವಾಗಿಡಿ. ಅದರಲ್ಲಿ ನಿಮ್ಮ ರಕ್ತಸಂಬಂಧಿಗಳ ಸುಳಿವೂ ಇರುವುದರಿಂದ ಕಂಡಕಂಡವರಿಗೆ ಕಳುಹಿಸಬೇಡಿ.

• ಎರಡು ವರದಿಗಳಲ್ಲಿ ಸಂಖ್ಯೆ ಬೇರೆಯಿದ್ದ ಮಾತ್ರಕ್ಕೆ ಒಂದು ತಪ್ಪೆಂದು ಗಾಬರಿಯಾಗಬೇಡಿ. ಎರಡನ್ನೂ ಜೆನೆಟಿಕ್ ಕೌನ್ಸೆಲರ್‌ಗೆ ತೋರಿಸಿ.