ಬೆಳಕು ಕಟ್ಟಿದವರು ಯಾರು?

ಬೆಂಗಳೂರಿನ ರವೀಂದ್ರ ಕಲಾಕ್ಷೇತ್ರ ನಿಮಗೆ ಗೊತ್ತು; ಠಾಗೋರರ ಜನ್ಮಶತಾಬ್ದಿಯ ನೆನಪಿಗೆ ಕಟ್ಟಿದ ಅದು 1963ರಲ್ಲಿ ತೆರೆಯಿತು. 1972ರಲ್ಲಿ ಬಿ.ವಿ. ಕಾರಂತರು ಅದರ ಹಿಂದಿನ ಬಯಲಿನಲ್ಲಿ ‘ಈಡಿಪಸ್’, ‘ಸಂಕ್ರಾಂತಿ’, ‘ಜೋಕುಮಾರಸ್ವಾಮಿ’ ಆಡಿಸಿದರು. ಅದೇ ಇಂದಿನ ಸಂಸ ಬಯಲು ರಂಗಮಂದಿರ.

ಕಾರಂತ, ಲಂಕೇಶ್, ಕಂಬಾರರ ಹೆಸರು ಚರಿತ್ರೆಯಲ್ಲಿ ಉಳಿಯಿತು. ಆದರೆ ಬಯಲಿಗೆ ತಂತಿ ಎಳೆದವರು, ದೀಪ ಕಟ್ಟಿದವರು, ಉಡುಪು ಹೊಲಿದವರು, ಆಟ ಮುಗಿದ ಮೇಲೆ ನೆಲ ಗುಡಿಸಿದವರು? ಅಂಥವರ ಹೆಸರು ಪುಸ್ತಕಗಳಲ್ಲಿ ಸಿಗುವುದು ಅಪರೂಪ.

ಕರಾಮದ ನಮ್ಮ ಮನೆಯಲ್ಲಿ ರಾಜ್ಯೋತ್ಸವದ ನಾಟಕಕ್ಕೆ ಪಂಚೆಗಳನ್ನು ಇಸ್ತ್ರಿ ಮಾಡುವಾಗ ನನಗೆ ಅವರದೇ ನೆನಪು. ಈ ಸಲ ನಿಮ್ಮ ತಂಡದ ಕರಪತ್ರ ಅಚ್ಚಿಗೆ ಹೋಗುವ ಮುನ್ನ, ಪರದೆ ಎಳೆಯುವವರ ಹೆಸರನ್ನೂ ಬರೆಸಿ. ನಾಳೆ ಚರಿತ್ರೆ ಬರೆಯುವವರಿಗೆ ಸಿಗುವುದು ಆ ಒಂದು ಹಾಳೆಯೇ.